ಎರಡು ಪದರದ ವಾಗ್ದಾನ

ಬೆಳಿಗ್ಗೆ ಏಳೂಕಾಲಿಗೆ ಅವನು ಅಕ್ಕನ ಎಡಗಡೆ, ಎರಡಡಿ ದೂರದಲ್ಲಿ ನಿಂತು, ನಾಲಿಗೆ ಚಾಚಿದ. ಅವನಿಗೆ ಐವತ್ತೆರಡು ವರ್ಷ, ಅಕ್ಕನಿಗೆ ಅರವತ್ತೊಂದು. ಅವಳು ಹೊಲಿಗೆ ಮಷಿನ್ನಿನ ಮುಂದೆ ಕೂತು ಯಾರದೋ ಪ್ಯಾಂಟಿನ ಕೆಟ್ಟ ಜಿಪ್ಪನ್ನು ಬ್ಲೇಡಿನಿಂದ ಬಿಚ್ಚುತ್ತಿದ್ದಳು. ತಲೆ ತಿರುಗಿಸಲಿಲ್ಲ, ಬೈಯಲಿಲ್ಲ, ರೆಪ್ಪೆ ಕೂಡ ಅಲುಗಲಿಲ್ಲ. ಅವನು ಕಣ್ಣು ಮೆಳ್ಳೆ ಮಾಡಿ, ತುಟಿ ಸೊಟ್ಟ ಮಾಡಿ, ನಾಲಿಗೆಯನ್ನು ಇನ್ನೂ ಇಷ್ಟುದ್ದ ಚಾಚಿದ. ನಾಚಿಕೆ ಬಂದದ್ದು ಆಮೇಲೆ. ಮೊದಲು ಬಂದದ್ದು ಸಂತೋಷ, ಅದೂ ಎಂಟು ವರ್ಷದ ಹುಡುಗನ ಸಂತೋಷ. ಈ ಮನೆಯಲ್ಲಿ ಅಕ್ಕನ ಕಣ್ಣು ತಪ್ಪಿಸಿ ಯಾರೂ ಏನೂ ಮಾಡಲು ಸಾಧ್ಯವಿರಲಿಲ್ಲ. ಈಗ ಅವಳ ಎಡಗಡೆ ಎರಡಡಿ ಅಗಲದ ಒಂದು ಸ್ವತಂತ್ರ ಜಾಗ ಹುಟ್ಟಿಕೊಂಡಿತ್ತು, ಅದರಲ್ಲಿ ನಿಂತರೆ ಅವನು ಯಾರ ತಮ್ಮನೂ ಅಲ್ಲ. ಅಮ್ಮ ಸತ್ತಾಗಿನಿಂದ ಅವನನ್ನು ಸಾಕಿದವಳು, ಓದು ಹತ್ತುವುದಿಲ್ಲವೆಂದು ತಾನೇ ತೀರ್ಮಾನಿಸಿ ಪುಸ್ತಕ ಕಟ್ಟುವ ಅಂಗಡಿಗೆ ಸೇರಿಸಿದವಳು, ಬಂದ ಒಂದೇ ಒಂದು ಸಂಬಂಧವನ್ನು, ಹುಡುಗಿಯ ಉಡುಪಿನ ಅಂಚನ್ನು ಬೆರಳಿನಿಂದ ಮಗುಚಿ ನೋಡಿ, ‘ಅಂಚು ಮಡಿಸೋಕೆ ಬಾರದವಳು ಮನೆ ನಡೆಸ್ತಾಳಾ’ ಎಂದು ಕಳಿಸಿಕೊಟ್ಟವಳು ಇವಳೇ.

“ಅಲ್ಲಿ ನಿಂತ್ಕೊಂಡು ಏನೋ ಮಾಡ್ತಿದೀಯ? ಉಸಿರು ಕೇಳಿಸ್ತಿದೆ,” ಎಂದಳು ಅಕ್ಕ.

ಅವನು ನಾಲಿಗೆ ಒಳಗೆಳೆದುಕೊಂಡ. “ಹತ್ತು ಗಂಟೆಗೆ ಅಲ್ಲಿರಬೇಕು.”

“ಎಲ್ಲಿ?”

“ಎಲ್ಲಿ ಅಂತ ನಿನಗೂ ಗೊತ್ತು.”

“ನನಗೆ ಗೊತ್ತಿರೋದು ಒಂದೇ. ಸಾಯಂಕಾಲದೊಳಗೆ ನಾಲ್ಕು ಪ್ಯಾಂಟು ಕೊಡಬೇಕು. ಟೀ ಕುಡಿದ್ರೆ ಲೋಟ ತೊಳೆದಿಟ್ಟು ಅಂಗಡಿಗೆ ಹೋಗು.”

ಅಂಗಡಿಗೆ ಅವನು ನಿನ್ನೆಯೇ ರಜೆ ಹೇಳಿದ್ದ. ರಜೆ ಕೇಳುವಾಗ ಯಜಮಾನ, “ಗೋಂದುಗೂ ರಜೆ ಬೇಕಾ? ಎಲ್ಲಾದ್ರೂ ಹೋಗಿ ಅಂಟ್ಕೊಂಡುಬಿಟ್ಟೀಯ, ನೋಡ್ಕೋ,” ಎಂದಿದ್ದ, ಕೆಲಸದವರೆಲ್ಲ ನಕ್ಕರು. ಮೂವತ್ತಾರು ವರ್ಷದಿಂದ ಅಲ್ಲಿ ಅವನ ಹೆಸರು ಗೋಂದು. ಅಕ್ಕನಿಗೆ ಕಣ್ಣಿನ ಆಪರೇಶನ್ ಎಂದು ಹೇಳಿದ್ದರೆ ಯಾರೂ ನಗುತ್ತಿರಲಿಲ್ಲ, ಆದರೆ ಹೇಳುವ ಹಾಗಿರಲಿಲ್ಲ, ಏಕೆಂದರೆ ಅಂಗಡಿಯಲ್ಲಿ ರಟ್ಟು ಕತ್ತರಿಸುವವನು ಅವರ ಚರ್ಚಿನ ಸಭೆಯವನೇ, ಅಕ್ಕ ಕಣ್ಣಿನ ಔಷಧ ಬಿಟ್ಟಿದ್ದನ್ನು ಸಭೆಯ ಮುಂದೆ ಎದ್ದು ನಿಂತು ಸಾರಿದಾಗ ಅವನೂ ಅಲ್ಲಿದ್ದ. ಲೋಟ ತೊಳೆಯುತ್ತಾ ಅವನು ಗಡಿಯಾರ ನೋಡಿದ. ಏಳೂ ಇಪ್ಪತ್ತೈದು. ಮೂರು ವಾರದ ಹಿಂದೆ ಕಣ್ಣಿನ ಡಾಕ್ಟರು, ಅವಸರದಲ್ಲಿ ಮಾತಾಡುವ ಹೆಂಗಸು, ಒಂದು ಕಾಗದದ ಮೇಲೆ, ಒಂದೊಂದು ಕಣ್ಣಿಗೆ ಎಷ್ಟು ಕಾಣುತ್ತದೆಂದು ಹೇಳುವ ಎರಡು ದುಂಡನೆಯ ಚಿತ್ರ ತೋರಿಸಿದ್ದರು. ಎಡಗಣ್ಣಿನ ದುಂಡಿನಲ್ಲಿ ಮಧ್ಯದ ಒಂದು ಸಣ್ಣ ಬಿಳಿ ಬಿಟ್ಟರೆ ಉಳಿದದ್ದೆಲ್ಲ ಕಪ್ಪು. ಬಲಗಣ್ಣಿನದಕ್ಕೆ ಅಂಚಿನಿಂದ ಕಪ್ಪು ಹತ್ತಲು ಶುರುವಾಗಿತ್ತು. ‘ಕಣ್ಣೊಳಗಿನ ಒತ್ತಡ ನರಾನ ಕೊಲ್ತಿದೆ. ಹೋದದ್ದು ವಾಪಸ್ ಬರಲ್ಲ. ಬಲಗಣ್ಣನ್ನಾದ್ರೂ ಉಳಿಸ್ಕೋಬೇಕು. ಡ್ರಾಪ್ಸ್ ಹಾಕ್ತಿದೀರಾ?’ ಅಕ್ಕ ಸುಳ್ಳು ಹೇಳುವವಳಲ್ಲ. ‘ಇಲ್ಲ, ನಿಲ್ಲಿಸಿದೀನಿ. ನನಗೊಂದು ಮಾತು ಸಿಕ್ಕಿದೆ,’ ಎಂದಳು. ‘ಏನು ಮಾತು?’ ಎಂದು ಡಾಕ್ಟರು ಅವನ ಮುಖ ನೋಡಿದರು. ಅವನು ಗೋಡೆಯ ಮೇಲಿನ ಅಕ್ಷರಗಳ ಪಟ್ಟಿ ನೋಡಿದ, ಕೊನೆಯ ಸಾಲಿನವರೆಗೂ ಅವನಿಗೆ ಎಲ್ಲವೂ ಸ್ಪಷ್ಟವಾಗಿ ಕಾಣುತ್ತಿತ್ತು. ಇವತ್ತಿನ ದಿನವನ್ನು ಡಾಕ್ಟರೇ ಗೊತ್ತುಮಾಡಿ ಬರೆದುಕೊಟ್ಟರು; ತಪ್ಪಿದರೆ ಮುಂದಿನ ದಿನ ಸಿಗುವುದು ಮೂರು ತಿಂಗಳಿಗೆ, ಅಲ್ಲಿಯವರೆಗೆ ಈ ಕಣ್ಣು ಕಾಯುವುದಿಲ್ಲ ಎಂದರು. ಅಕ್ಕ ವಿನಯದಿಂದ ತಲೆಯಾಡಿಸಿ ಹೊರಗೆ ಬಂದು, ಮೆಟ್ಟಿಲ ಮೇಲೆ, ‘ಆ ದಿನ ನಾನು ಬರಲ್ಲ,’ ಎಂದಳು.

ಅವಳ ತಲೆಯ ಮೇಲೆ, ಮಷಿನ್ನಿನ ಹಿಂದಿನ ಗೋಡೆಯಲ್ಲಿ, ಗುಂಡುಸೂಜಿ ಚುಚ್ಚಿದ ಆ ಮಾತು ಇತ್ತು. ಎರಡು ಬೆರಳಗಲದ ಕಾರ್ಡು. ಅವರ ಸಭೆಯಲ್ಲಿ ಹೊಸ ವರ್ಷದ ಮೊದಲ ಭಾನುವಾರ ಪ್ರತಿಯೊಬ್ಬರೂ ತಟ್ಟೆಯಿಂದ ಬೈಬಲಿನ ಒಂದು ವಚನವಿರುವ ವಾಗ್ದಾನದ ಕಾರ್ಡು ತೆಗೆದುಕೊಳ್ಳುವ ಪದ್ಧತಿ. ಕಣ್ಣು ಮುಚ್ಚಿ ತೆಗೆಯಬೇಕು, ಬಂದದ್ದನ್ನು ಬದಲಾಯಿಸುವ ಹಾಗಿಲ್ಲ, ಬಂದ ವಚನ ಆ ವರ್ಷಕ್ಕೆ ದೇವರು ಅವರವರಿಗೇ ಆಡಿದ ಮಾತು. ಅಚ್ಚಾದ ಹಾಳೆಗಳನ್ನು ಕಾರ್ಡುಗಳಾಗಿ ಕತ್ತರಿಸುವುದು ಹದಿನೆಂಟು ವರ್ಷದಿಂದ ಅವನ ಕೆಲಸ, ತಟ್ಟೆ ಹಿಡಿದು ಬೆಂಚಿನಿಂದ ಬೆಂಚಿಗೆ ಹೋಗುವುದೂ ಅವನದೇ. ದೇವರ ಮಾತಿಗೆ ಅಂಚು ಕತ್ತರಿಸುವವನಿಗೆ ದೇವರ ಭಯ ಹೆಚ್ಚಿರಬೇಕೆಂದು ಜನ ತಿಳಿದಿದ್ದರು. ನಿಜ ಬೇರೆ. ಒಂದೇ ಹಾಳೆಯಲ್ಲಿ ಅಕ್ಕಪಕ್ಕ ಅಚ್ಚಾದ ಸಮಾಧಾನವನ್ನೂ ಶಿಕ್ಷೆಯನ್ನೂ ಒಂದೇ ಬ್ಲೇಡಿನ ಕೆಳಗೆ ನೂಕುತ್ತಾ ನೂಕುತ್ತಾ ಅವನಿಗೆ ಯಾವುದರ ಮೇಲೂ ನಂಬಿಕೆ ಉಳಿದಿರಲಿಲ್ಲ. ಅದನ್ನು ಅವನು ಯಾರಿಗೂ ಹೇಳಿರಲಿಲ್ಲ. ಹೇಳಲು ಯಾರಿದ್ದರು, ಅಕ್ಕನ ಹೊರತು? ಅಕ್ಕನಿಗೆ ಹೇಳುವುದೆಂದರೆ ಬೆಂಕಿಗೆ ಕೈ ಇಟ್ಟು ಬಿಸಿಯೋ ತಂಪೋ ನೋಡಿದ ಹಾಗೆ.

ಹೋದ ವರ್ಷ, ಅಂದರೆ ಈ ಕಾರ್ಡಿಗಿಂತ ಹಿಂದಿನ ವರ್ಷ, ಅಕ್ಕನಿಗೆ ಬಂದದ್ದು ಕುಲುಮೆಯ ವಚನ. ಸಂಕಟವೆಂಬ ಕುಲುಮೆಯಲ್ಲಿ ಶೋಧಿಸುತ್ತೇನೆಂಬ ಮಾತು. ಅಕ್ಕ ಅದನ್ನು ಗೋಡೆಗೆ ಚುಚ್ಚಿದ ದಿನದಿಂದ ಮನೆಯೇ ಕುಲುಮೆಯಾಯಿತು. ಮಷಿನ್ನಿನ ಪಟ್ಟಿ ಹರಿದರೆ ಕುಲುಮೆ, ಗಿರಾಕಿ ತಕರಾರು ತೆಗೆದರೆ ಕುಲುಮೆ, ತಮ್ಮ ಸಾಲದ್ದಕ್ಕೆ ಗೊರಕೆ ಹೊಡೆದರೆ ಅದೂ ಕುಲುಮೆ. ‘ನಿನ್ನನ್ನ ನನ್ನ ಹತ್ರ ಇಟ್ಟಿರೋದೇ ನನ್ನನ್ನ ಸುಡೋಕೆ,’ ಎಂದು ಹನ್ನೆರಡು ತಿಂಗಳು, ಪ್ರಾರ್ಥನೆಯಲ್ಲಿ ಸಹ, ಅವನಿಗೆ ಕೇಳಿಸುವ ಹಾಗೆ, ದೇವರಿಗೆ ಹೇಳುತ್ತಾ ಬಂದಳು. ತಾನು ಬೆಂಕಿಯೂ ಅಲ್ಲ ಇದ್ದಿಲೂ ಅಲ್ಲ, ಬೈಂಡಿಂಗ್ ಕೆಲಸದವನು ಎಂದು ಅವನಿಗೆ ಕೂಗಿ ಹೇಳಬೇಕೆನಿಸಿತ್ತು. ಡಿಸೆಂಬರಿನಲ್ಲಿ ಹೊಸ ಹಾಳೆಗಳು ಬಂದಾಗ ಅವನು ಅಂಗಡಿಯಲ್ಲಿ ಊಟದ ಹೊತ್ತಿಗೆ ಒಬ್ಬನೇ ಕೂತು ಎಲ್ಲ ವಚನಗಳನ್ನೂ ಓದಿ, ಜಗಳಕ್ಕೆ ಆಸ್ಪದವೇ ಇಲ್ಲದ ಒಂದನ್ನು ಆರಿಸಿದ. ಅವರ ಮುಂದಿನ ಕತ್ತಲೆಯನ್ನು ಬೆಳಕು ಮಾಡುತ್ತೇನೆ ಎಂಬರ್ಥದ ಅರ್ಧ ವಚನ; ಕಾರ್ಡು ಚಿಕ್ಕದೆಂದು ಅಚ್ಚಿನವರು ಮೊದಲರ್ಧ ಬಿಟ್ಟಿದ್ದರು. ಬೆಳಕು ಅಂದರೆ ಹೆಚ್ಚೆಂದರೆ ಹೊಸ ಬಲ್ಬು ತರಿಸಿಯಾಳು ಎಂದುಕೊಂಡ. ಆ ಕಾರ್ಡಿನ ಬೆನ್ನಿಗೆ ಇನ್ನೊಂದು ಖಾಲಿ ಕಾರ್ಡನ್ನು ಅಂಟಿಸಿ, ಒತ್ತಿಟ್ಟು, ಒಣಗಿದ ಮೇಲೆ ಅಂಚು ಮತ್ತೆ ಕತ್ತರಿಸಿದ. ನೋಡಿದರೆ ಯಾರಿಗೂ ತಿಳಿಯದು. ಆದರೆ ನಲವತ್ತು ವರ್ಷ ಬಟ್ಟೆ ಮುಟ್ಟಿದ ಅಕ್ಕನ ಬೆರಳು ಕಣ್ಣು ಮುಚ್ಚಿದರೆ ದಪ್ಪನೆಯದನ್ನೇ ಹಿಡಿಯುತ್ತದೆ. ಬಟ್ಟೆಯಂಗಡಿಯಲ್ಲಿ ಅವನು ಅದನ್ನು ಲೆಕ್ಕವಿಲ್ಲದಷ್ಟು ಸಲ ನೋಡಿದ್ದ. ಮೊದಲ ಭಾನುವಾರ ತಟ್ಟೆ ಅವಳ ಮುಂದೆ ಹಿಡಿಯುವಾಗ ಆ ಕಾರ್ಡನ್ನು ಮೇಲಕ್ಕೆ ಸರಿಸಿದ. ಅವಳ ಬೆರಳು ಒಂದು, ಎರಡು, ಮೂರು ಮುಟ್ಟಿ, ನಾಲ್ಕನೆಯದರ ಮೇಲೆ ನಿಂತಿತು.

ವರ್ಷ ನೆಮ್ಮದಿಯಿಂದ ಶುರುವಾಯಿತು. ಮೂರು ತಿಂಗಳು ಅಕ್ಕ ಅವನನ್ನು ಬೈದದ್ದು ಬಹಳ ಕಡಿಮೆ. ನಾಲ್ಕನೆಯ ತಿಂಗಳಲ್ಲಿ, ಕನ್ನಡಕ ಬದಲಾಯಿಸಲೆಂದು ಹೋದಲ್ಲಿ, ಅವಳ ಎಡಗಣ್ಣು ಬಹುಪಾಲು ಹೋಗಿದೆಯೆಂದು ಗೊತ್ತಾಯಿತು. ಆ ರೋಗ ನೋವಿಲ್ಲದೆ, ಬದಿಯಿಂದ, ಕಳ್ಳನ ಹಾಗೆ ಬರುತ್ತದಂತೆ. ಮನೆಗೆ ಬಂದವಳು ಅಳಲಿಲ್ಲ. ಕಾರ್ಡನ್ನು ಗೋಡೆಯಿಂದ ಕಿತ್ತು ಅವನ ಮುಂದಿಟ್ಟು, ದಪ್ಪ ಅಕ್ಷರದ ತನ್ನ ಬೈಬಲ್ ತೆರೆದು, ಕಾರ್ಡಿನಲ್ಲಿ ಇಲ್ಲದ ಮೊದಲರ್ಧವನ್ನು ಓದಿ ಕೇಳಿಸಿದಳು. ಕುರುಡರನ್ನು ಅವರು ಅರಿಯದ ದಾರಿಯಲ್ಲಿ ನಡೆಸುತ್ತೇನೆಂಬ ಮಾತು ಅದು. ಅವನ ಮೈಯೆಲ್ಲ ಜುಮ್ಮೆಂದಿತು. ‘ನೋಡಿದ್ಯಾ? ನನಗೇ ಗೊತ್ತಿಲ್ಲದಾಗ ಅವನಿಗೆ ಗೊತ್ತಿತ್ತು,’ ಎಂದಳು ಅಕ್ಕ, ಅವನು ಹುಟ್ಟಿದಾಗಿನಿಂದ ಕಾಣದಿದ್ದ ಮೆದು ಮುಖದಲ್ಲಿ. ಎರಡು ತಿಂಗಳು ಔಷಧದ ಹನಿಗಳನ್ನೂ ಹಾಕಿಕೊಂಡಳು, ಕಾರ್ಡನ್ನೂ ನಂಬಿದಳು. ಆಮೇಲೆ ಎರಡು ದೋಣಿಯಲ್ಲಿ ಕಾಲಿಡುವುದು ಅವಮರ್ಯಾದೆ ಎನಿಸಿತು ಅವಳಿಗೆ. ಸಭೆಯಲ್ಲಿ ಎದ್ದು ನಿಂತು ಸಾಕ್ಷಿ ಹೇಳಿದಳು: ಮಾತು ಕೊಟ್ಟವನು ನಂಬಿಗಸ್ತ, ನಾನು ಹನಿ ಹಾಕೋದು ನಿಲ್ಲಿಸಿದೀನಿ. ಎತ್ತು ಈಯಿತು ಎಂದರೆ ಕೊಟ್ಟಿಗೆಗೆ ಕಟ್ಟು ಎನ್ನುವ ಜನ, ಇಡೀ ಸಭೆ ಆಮೆನ್ ಎಂದಿತು. ಆಮೆನ್ ಅಂದವರಲ್ಲಿ ಇವನ ದನಿ ಎಲ್ಲರಿಗಿಂತ ಒಂದು ಕೂದಲು ಹೆಚ್ಚೇ ಇತ್ತು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಳ್ಳುವವನ ಆಮೆನ್ ಅದು.

ಒಂದು ಸಲ ಪಾಸ್ಟರ ಹತ್ತಿರ ಹೋದ, ಎಲ್ಲವನ್ನೂ ಹೇಳಿಬಿಡಬೇಕೆಂದು. ಪಾಸ್ಟರು ಅವನಿಗಿಂತ ಚಿಕ್ಕವರು, ಸದಾ ನಗುಮುಖ. ‘ಔಷಧ ಬಿಡಿ ಅಂತ ನಾನಂತೂ ಹೇಳಿಲ್ಲ,’ ಎಂದರು. ‘ಹಾಗಾದ್ರೆ ಹಾಕ್ಕೊಳ್ಳಿ ಅಂತ ಹೇಳಿ,’ ಎಂದ ಇವನು. ‘ಅವರ ನಂಬಿಕೆಗೆ ನಾನು ಹೇಗೆ ಕೈ ಹಾಕ್ಲಿ? ನೀವು ಮನೆಯವರು, ಮೆಲ್ಲಗೆ ಹೇಳಿ ನೋಡಿ.’ ಹಾವೂ ಸಾಯಬಾರದು, ಕೋಲೂ ಮುರಿಯಬಾರದು. ಕಾರ್ಡಿನ ವಿಷಯ ಅವನ ಗಂಟಲಿಗೆ ಬಂದಿತ್ತು, ಅಷ್ಟರಲ್ಲಿ ಪಾಸ್ಟರು ಎದ್ದು ಕಪಾಟಿನಿಂದ ಹರಿದ ಹಾಡಿನ ಪುಸ್ತಕಗಳ ಒಂದು ಕಟ್ಟು ತೆಗೆದು ಅವನ ತೋಳಿಗಿಟ್ಟರು. ಪಾಪ ಒಪ್ಪಿಕೊಳ್ಳಲು ಹೋದವನು ನಲವತ್ತು ಪುಸ್ತಕ ಹೊತ್ತುಕೊಂಡು ಬಂದ. ಅವುಗಳ ಬೆನ್ನಿಗೆ ಬಟ್ಟೆ ಅಂಟಿಸುತ್ತಾ ಒಂದು ವಾರ ತನ್ನನ್ನು ತಾನೇ ಉಗಿದುಕೊಂಡ, ಅಕ್ಕನನ್ನೂ ಉಗಿದ, ಪಾಸ್ಟರನ್ನೂ, ತಾನು ನಂಬದ ದೇವರನ್ನೂ.

ಎಂಟು ಗಂಟೆ. ಅಕ್ಕ ಹಳೆಯ ಜಿಪ್ಪು ಕಿತ್ತು ಹೊಸದನ್ನು ಇಟ್ಟು, ಬೆರಳಿನಿಂದಲೇ ಅಳೆದು, ಸೂಜಿಯ ಕೆಳಗೆ ನೂಕಿದಳು. ಅವಳ ಎಡಗೈ ಬಟ್ಟೆಯ ಅಂಚು ಹುಡುಕಿ ಮೇಜಿನ ಮೇಲೆ ಸ್ವಲ್ಪ ಹೊತ್ತು ತಡಕಾಡಿತು, ಹುಡುಕುತ್ತಿಲ್ಲವೆಂಬಂತೆ, ಧೂಳು ಒರೆಸುತ್ತಿರುವ ಹಾಗೆ. ಆ ನಟನೆಯನ್ನು ಅವನು ಕಣ್ಣು ಕೀಳದೆ ನೋಡಿದ. ಕನಿಕರವೆಂದು ಹೇಳಲು ಅವನಿಗೆ ಇಷ್ಟವಿಲ್ಲ. ಕನಿಕರಕ್ಕಿಂತ ಅದು ಸಿಟ್ಟೇ ಹೆಚ್ಚು.

“ಅಕ್ಕಾ, ಬಟ್ಟೆಬರೆ ಚೀಲಕ್ಕೆ ಹಾಕ್ಲಾ?”

“ನಿಂದು ಹಾಕ್ಕೋ. ಎಲ್ಲಿಗಾದ್ರೂ ಹೋಗಿ ಬಾ.”

“ಇವತ್ತು ಬಿಟ್ರೆ ಮುಗೀತು. ಡಾಕ್ಟರು ಹೇಳಿದ್ದು ನಿನ್ನ ಕಿವಿಗೂ ಬಿದ್ದಿದೆ.”

“ಅವರು ಹೇಳೋದನ್ನ ಅವರು ಹೇಳಿದ್ರು. ಹೇಳಬೇಕಾದವನು ಮೊದಲೇ ಹೇಳಿದಾನೆ.” ಅವಳು ಗೋಡೆಯತ್ತ ಗದ್ದ ಎತ್ತಿದಳು. “ಕಾಯೋದು ಕಷ್ಟ ಕಣೋ. ನನಗೇನು ಹೆದರಿಕೆ ಇಲ್ಲ ಅಂದ್ಕೊಂಡ್ಯಾ? ಬೆಳಿಗ್ಗೆ ಎದ್ದು ಮೊದಲು ಕಿಟಕಿ ಕಾಣ್ತಿದ್ಯಾ ನೋಡ್ಕೋತೀನಿ. ಹೆದರ್ಕೊಂಡೇ ಕಾಯ್ತೀನಿ. ನಿನಗೆ ಅದು ಅರ್ಥ ಆಗಲ್ಲ. ನೀನು ತಟ್ಟೆ ಹಿಡಿಯೋನು, ತಟ್ಟೆಯಿಂದ ಯಾವತ್ತೂ ಏನೂ ತಗೊಂಡೋನಲ್ಲ.”

ಅದು ನಿಜವಾಗಿತ್ತು. ಹದಿನೆಂಟು ವರ್ಷದಲ್ಲಿ ಅವನು ತನಗೆಂದು ಒಂದು ಕಾರ್ಡೂ ತೆಗೆದುಕೊಂಡಿರಲಿಲ್ಲ, ಅದನ್ನು ಯಾರೂ ಗಮನಿಸಿಲ್ಲವೆಂದು ತಿಳಿದಿದ್ದ. ಅವಮಾನ ನೆತ್ತಿಗೇರಿತು. ಮಷಿನ್ನಿನ ಮೇಲೆ ಬಾಗಿ ಗುಂಡುಸೂಜಿ ಕಿತ್ತು ಕಾರ್ಡು ತೆಗೆದ. “ಮುಟ್ಟಬೇಡ ಅದನ್ನ!” ಎಂದಳು ಅಕ್ಕ. ಅವನು ಅಡುಗೆಮನೆಗೆ ಹೋಗಿ, ಟೀ ಕಾಸಿದ ನೀರಿನ ಪಾತ್ರೆಯನ್ನು ಮತ್ತೆ ಒಲೆಗಿಟ್ಟು, ಕಾರ್ಡನ್ನು ಆವಿಯಲ್ಲಿ ಹಿಡಿದ. ತನ್ನ ಅಂಟು ತನಗೆ ಗೊತ್ತು. ಮೂಲೆ ಮೃದುವಾಯಿತು, ಉಗುರು ತೂರಿಸಿದ, ಎರಡು ಪದರ ಬೇರೆಯಾದವು. ಹಿಂದೆಯೇ ಬಂದು, ಬಾಗಿಲ ಚೌಕಟ್ಟು ಹಿಡಿದು ನಿಂತಿದ್ದ ಅಕ್ಕನ ಅಂಗೈಯಲ್ಲಿ ಎರಡನ್ನೂ ಇಟ್ಟ.

“ಇದೇನು?”

“ಮುಟ್ಟಿ ನೋಡು. ಎರಡು. ನಾನೇ ಅಂಟಿಸಿದ್ದು. ನಿನ್ನ ಬೆರಳು ದಪ್ಪದ್ದನ್ನೇ ಹಿಡಿಯುತ್ತೆ ಅಂತ ನನಗೆ ಗೊತ್ತು. ತಟ್ಟೇಲಿ ಮೇಲೆ ಸರಿಸಿದ್ದೂ ನಾನೇ. ನಿನಗೆ ಇದನ್ನ ಕೊಟ್ಟೋನು ದೇವರಲ್ಲ, ನಾನು.”

ಅಕ್ಕ ಹೆಬ್ಬೆರಳು ತೋರುಬೆರಳ ನಡುವೆ ಒಂದು ಪದರವನ್ನು ಉಜ್ಜಿದಳು, ಆಮೇಲೆ ಇನ್ನೊಂದನ್ನು. ಒಲೆಯ ಮೇಲೆ ನೀರು ಕುದಿಯುತ್ತಲೇ ಇತ್ತು. ಅವಳು ಕುಸಿಯುತ್ತಾಳೆಂದು ಅವನು ಅಂದುಕೊಂಡಿದ್ದ, ಹಿಡಿಯಲು ಒಂದು ಕೈ ಮುಂದಕ್ಕೂ ತಂದಿದ್ದ. ಅವಳು ನಕ್ಕಳು.

“ಇಷ್ಟೇನಾ? ಬೈಬಲ್ಲಲ್ಲಿ ಒಬ್ಬ ಪ್ರವಾದಿಗೆ ಬುದ್ಧಿ ಹೇಳೋಕೆ ದೇವರು ಕತ್ತೆ ಬಾಯಲ್ಲಿ ಮಾತಾಡಿಸಿದಾನೆ. ಕತ್ತೆ ಆಗುತ್ತೆ ಅಂದ್ರೆ ನೀನು ಯಾಕಾಗಬಾರದು?”

“ಅಕ್ಕಾ, ನಾನು ಮೋಸ ಮಾಡ್ದೆ ಅಂತಿದೀನಿ.”

“ಮಾಡಿದೀಯ. ಅದಕ್ಕೆ ನೀನು ಅವನಿಗೆ ಉತ್ತರ ಹೇಳ್ಕೋ. ಯಾವಾಗ ಅಂಟಿಸ್ದೆ ಇದನ್ನ?”

“ಡಿಸೆಂಬರಲ್ಲಿ.”

“ಡಿಸೆಂಬರಲ್ಲಿ.” ಅವಳು ಬಲಗಣ್ಣನ್ನು ಅವನ ಮುಖಕ್ಕೆ ತಿರುಗಿಸಿದಳು. ಆ ಕಣ್ಣು ಹೊಳೆಯುತ್ತಿತ್ತು. “ಆಗ ನನ್ನ ಕಣ್ಣಿನ ವಿಷಯ ಯಾರಿಗೆ ಗೊತ್ತಿತ್ತೋ? ನನಗಿಲ್ಲ. ಡಾಕ್ಟರಿಗಿಲ್ಲ. ಅಷ್ಟೂ ವಚನದಲ್ಲಿ ಇದನ್ನೇ ಯಾಕೆ ತೆಗೆದೆ? ಹೇಳು. ಯಾರು ತೆಗೆಸಿದ್ರು ನಿನ್ನ ಕೈಲಿ?”

ಹತ್ತು ತಿಂಗಳು ತನ್ನ ಮೋಸವನ್ನು ಬಿಸಿ ತುಪ್ಪದ ಹಾಗೆ, ಉಗುಳಲೂ ಆಗದೆ ನುಂಗಲೂ ಆಗದೆ ಬಾಯಲ್ಲಿಟ್ಟುಕೊಂಡಿದ್ದವನಿಗೆ ಈ ಪ್ರಶ್ನೆ ಒಮ್ಮೆಯೂ ಎದುರಾಗಿರಲಿಲ್ಲ. ಎದುರಾಗದ ಹಾಗೆ ನೋಡಿಕೊಂಡಿದ್ದ. ಯಾಕೆ ಅದನ್ನೇ? ಚಿಕ್ಕದಾಗಿತ್ತು ಅಂತ. ಜಗಳಕ್ಕೆ ಬಾರದ್ದು ಅಂತ. ಅದಕ್ಕಿಂತ ಚಿಕ್ಕವು, ಅದಕ್ಕಿಂತ ಸಾಧುವಾದವು ಇನ್ನೂ ಹತ್ತು ಇದ್ದವು. ಊಟದ ಡಬ್ಬಿ ಪಕ್ಕಕ್ಕಿಟ್ಟು, ಹಾಳೆಯ ಮೇಲೆ ಬೆರಳು ಆಡಿಸುತ್ತಾ, ಆ ಒಂದರ ಮೇಲೆ ತಾನು ನಿಂತದ್ದು ಅವನಿಗೆ ಈಗ ಕಣ್ಣಿಗೆ ಕಟ್ಟಿದ ಹಾಗೆ ನೆನಪಾಯಿತು, ಯಾಕೆ ನಿಂತೆ ಎಂಬುದು ನೆನಪಾಗಲಿಲ್ಲ. ಸತ್ಯವೆಲ್ಲ ಅಕ್ಕನ ಪಕ್ಷಕ್ಕೆ ಹೋಗಿ ನಿಂತಿತ್ತು. ತನಗೆ ಆಗ ಏನೂ ಗೊತ್ತಿರಲಿಲ್ಲ ಎಂಬ ನಿಜವನ್ನು ಹೇಳಿದರೆ ಸಾಕು, ಅವಳು ಮಷಿನ್ನಿಗೆ ಹಿಂತಿರುಗಿ, ಹಾಡು ಗುನುಗುತ್ತಾ ನಾಲ್ಕು ಪ್ಯಾಂಟು ಮುಗಿಸಿ, ಮೂರು ತಿಂಗಳಲ್ಲಿ ಪೂರ್ತಿ ಕುರುಡಿಯಾಗುತ್ತಾಳೆ. ಅಥವಾ ಆಗುವುದಿಲ್ಲ. ಆ ‘ಅಥವಾ’ವನ್ನು ಅವನು ಬಲವಂತವಾಗಿ ಹೊರಗೆ ತಳ್ಳಿದ. ಡಾಕ್ಟರ ಕಾಗದದ ಕಪ್ಪು ದುಂಡು ನೆನೆದುಕೊಂಡ. ಗಡಿಯಾರದಲ್ಲಿ ಎಂಟೂವರೆ ದಾಟಿತ್ತು.

“ಗೊತ್ತಿತ್ತು,” ಎಂದ.

“ಯಾರಿಗೆ?”

“ನನಗೆ. ಆಗ್ಲೇ ಗೊತ್ತಿತ್ತು ನಿನ್ನ ಎಡಗಣ್ಣು ಹೋಗ್ತಿದೆ ಅಂತ.”

ಅಕ್ಕನ ಮುಖದ ನಗು ಇನ್ನೂ ಹಾಗೇ ಇತ್ತು, ಒಳಗಿನಿಂದ ಆಧಾರ ತೆಗೆದರೂ ಇನ್ನೂ ಬೀಳದೆ ನಿಂತ ಗೋಡೆಯ ಹಾಗೆ. ಅವನು ಅವಸರವಾಗಿ ಹೇಳುತ್ತಾ ಹೋದ. ಸುಳ್ಳು ಹೇಳುವುದು ಇಷ್ಟು ಸುಲಭವೆಂದು ಗೊತ್ತಿರಲಿಲ್ಲ, ಏಕೆಂದರೆ ತುಂಡುಗಳೆಲ್ಲ ನಿಜವೇ, ಹೊಲಿಗೆ ಮಾತ್ರ ಸುಳ್ಳು. ನವೆಂಬರಿನಲ್ಲಿ ಅವಳು ಇದೇ ಚೌಕಟ್ಟಿಗೆ ಎಡಭುಜ ಹೊಡೆದುಕೊಂಡದ್ದು. ಸಭೆಯ ಮೆಟ್ಟಿಲಲ್ಲಿ ಎಡಗಡೆ ನಿಂತು ಕೈ ಚಾಚಿದ ಹೆಂಗಸಿಗೆ ಕೈ ಕೊಡದೆ ಮುಂದೆ ನಡೆದದ್ದು, ಆ ಹೆಂಗಸು ಅದನ್ನು ಜಂಬವೆಂದು ಇಂದಿಗೂ ತಿಳಿದಿರುವುದು. ಟೀ ಲೋಟ ಎರಡು ಸಲ ಬೀಳಿಸಿದ್ದು, ಎರಡೂ ಸಲ ಅಡ್ಡ ಇಟ್ಟವನು ನೀನೆಂದು ತನ್ನನ್ನು ಬೈದದ್ದು. ಆಗ ಅವನ್ನೆಲ್ಲ ವಯಸ್ಸೆಂದೂ ಗರ್ವವೆಂದೂ ತಾನೂ ತಿಳಿದಿದ್ದನೆಂಬುದನ್ನು ಬಿಟ್ಟು ಉಳಿದದ್ದನ್ನೆಲ್ಲ ಹೇಳಿದ.

“ಅದನ್ನೆಲ್ಲ ನೋಡಿ, ಇದಕ್ಕೆ ಸರಿಯಾದ ಒಂದು ವಚನ ಹುಡುಕಿ ಅಂಟಿಸ್ದೆ. ಯಾರೂ ತೆಗೆಸಲಿಲ್ಲ ನನ್ನ ಕೈಲಿ. ನಾನೇ ತೆಗೆದೆ.”

“ಗೊತ್ತಿದ್ದೂ ಡಾಕ್ಟರ ಹತ್ರ ಕರ್ಕೊಂಡು ಹೋಗ್ಲಿಲ್ಲ.”

“ಇಲ್ಲ.”

“ನಾಲ್ಕು ತಿಂಗಳು.”

“ಹೂಂ.”

“ನಾನು ಹನಿ ಬಿಟ್ಟಾಗ್ಲೂ ಸುಮ್ನಿದ್ದೆ. ಸಭೇಲಿ ಆಮೆನ್ ಅಂದೆ. ನಿನ್ನ ದನಿ ನನಗೆ ಕೇಳಿಸ್ತು ಕಣೋ.”

“ಅಂದೆ.”

“ಯಾಕೆ?”

ಪ್ರೀತಿಯಿಂದ ಎಂದು ಬಾಯಿಗೆ ಬಂತು. ಅದನ್ನು ಹೇಳಿದರೆ ಅವಳು ಆ ಪ್ರೀತಿಯ ಹಿಂದೆಯೂ ದೇವರನ್ನು ಕಂಡುಬಿಡುತ್ತಾಳೆ. ಅವಳಿಗೆ ಕಾಣದ ಎಡಗಡೆ ಬಿಟ್ಟರೆ ಉಳಿದೆಲ್ಲ ಕಡೆ ಅವಳಿಗೆ ದೇವರು ಕಾಣುತ್ತಾನೆ. ಆದ್ದರಿಂದ ಅವನು ತನ್ನಲ್ಲಿದ್ದ ಅತ್ಯಂತ ಕೊಳಕಾದದ್ದನ್ನು ಹೊರಗೆ ತೆಗೆದ. “ನಿನ್ನ ಬಾಯಿ ಮುಚ್ಚಿಸೋಕೆ. ಒಂದು ವರ್ಷ ನೆಮ್ಮದಿ ಬೇಕಿತ್ತು ನನಗೆ. ಇವತ್ತು ಬೆಳಿಗ್ಗೆ ಉಸಿರು ಕೇಳಿಸ್ತಿದೆ ಅಂದ್ಯಲ್ಲ, ಆಗ ನಿನ್ನ ಪಕ್ಕ ನಿಂತು ನಿನಗೆ ನಾಲಿಗೆ ಚಾಚ್ತಿದ್ದೆ. ನಿನಗೆ ಕಾಣ್ಲಿಲ್ಲ.”

ಅಕ್ಕ ಹೊಡೆಯಲಿಲ್ಲ. ಚಿಕ್ಕಂದಿನಲ್ಲಿ ಹೊಡೆಯುತ್ತಿದ್ದಳು, ಬಟ್ಟೆ ಅಳೆಯುವ ಮರದ ಕೋಲಿನಿಂದ, ಹೊಡೆದು ಆಮೇಲೆ ತಾನೇ ಎಣ್ಣೆ ಹಚ್ಚುತ್ತಿದ್ದಳು. ಈಗ ಎರಡು ಪದರವನ್ನೂ ಅಡುಗೆ ಕಟ್ಟೆಯ ಒದ್ದೆಯ ಮೇಲೆ ಇಟ್ಟಳು. ಒಲೆ ಆರಿಸಿದಳು, ಗುಂಡಿ ಹುಡುಕಲು ಬೆರಳು ಸ್ವಲ್ಪ ತಡಮಾಡಿತು, ಈ ಸಲ ನಟಿಸಲಿಲ್ಲ. ಒಳಗೆ ಹೋಗಿ ಕಪಾಟು ತೆಗೆದ ಸದ್ದು ಕೇಳಿಸಿತು. ಅವನು ನಿಂತಲ್ಲೇ ನಿಂತಿದ್ದ. ಗೆದ್ದೆ ಎಂದುಕೊಂಡ, ಆ ಮಾತು ಬಾಯಲ್ಲಿ ರಟ್ಟಿನ ರುಚಿಯಾಯಿತು. ದೇವರ ವಿರುದ್ಧ ಸುಳ್ಳು ಸಾಕ್ಷಿ ಹೇಳಿ ಗೆದ್ದದ್ದು, ಅದೂ ಇರುವನೋ ಇಲ್ಲವೋ ಎಂದು ಇಷ್ಟು ವರ್ಷ ತಲೆ ಕೆಡಿಸಿಕೊಳ್ಳದಿದ್ದ ದೇವರ ವಿರುದ್ಧ. ಅಕ್ಕ ಚೀಲ ಹಿಡಿದು ಹೊರಗೆ ಬಂದಳು. ಬೈಬಲ್ ಹಾಸಿಗೆಯ ಪಕ್ಕದ ಮೇಜಿನ ಮೇಲೆಯೇ ಉಳಿದಿತ್ತು. ಪಕ್ಕದ ಬೀದಿಗೆ ಹೋಗುವಾಗಲೂ ಅದನ್ನು ಚೀಲಕ್ಕೆ ಹಾಕಿಕೊಳ್ಳುವವಳು ಅವಳು.

“ಅದು ಬೇಡ್ವಾ?” ಎಂದ.

“ಓದೋಕೆ ಕಣ್ಣೆಲ್ಲಿದೆ?” ಎಂದಳು.

ಬಸ್ಸಿನಲ್ಲಿ ಅವಳು ಕಿಟಕಿ ಪಕ್ಕ ಕೂತಳು, ಅವನನ್ನು ತನ್ನ ಎಡಗಡೆ ಕೂರಿಸಿಕೊಂಡಳು. ಬೇಕೆಂದೇ ಮಾಡಿದಳೆಂದು ಅವನಿಗೆ ಗೊತ್ತಾಯಿತು. ಇಳಿಯುವಾಗ ಮೊಣಕೈ ಹಿಡಿಯಲು ಹೋದ, ಅವಳು ಕೊಡವಿಕೊಂಡು, ಕಂಬಿ ಹಿಡಿದು, ಕಾಲಿನಿಂದ ಮೆಟ್ಟಿಲು ತಡವಿ ತಾನೇ ಇಳಿದಳು. ರಸ್ತೆ ದಾಟುವಾಗ ಎಡಗಡೆಯಿಂದ ಬಂದ ಸೈಕಲ್ಲಿನವನು ಬೈದುಕೊಂಡು ಹೋದ. ಯಾರನ್ನು ಬೈದನೆಂದು ಅವಳಿಗೆ ತಿಳಿಯಲಿಲ್ಲ, ಅತ್ತ ತಿರುಗಿಯೂ ನೋಡಲಿಲ್ಲ. ಸಭೆಯ ಹೆಂಗಸೊಬ್ಬಳು ಎದುರಾಗಿ, “ಎಲ್ಲಿಗೆ ಹೊರಟ್ರಿ ಅಕ್ಕತಮ್ಮ? ನಿಮ್ಮ ಸಾಕ್ಷಿ ಕೇಳಿ ನನ್ನ ಸೊಸೆ ಕೂಡ ನಂಬಿಕೇಲಿ ಬಲಗೊಂಡ್ಳು,” ಎಂದಳು. ಅಕ್ಕ, “ಆಪರೇಶನ್‌ಗೆ,” ಎಂದಷ್ಟೇ ಹೇಳಿ ನಡೆದಳು. ಹೆಂಗಸಿನ ಬಾಯಿ ತೆರೆದೇ ಉಳಿಯಿತು. ಭಾನುವಾರದ ಹೊತ್ತಿಗೆ ಇದು ಇಡೀ ಸಭೆಗೆ ಮುಟ್ಟುತ್ತದೆ, ಸಾಕ್ಷಿ ಹೇಳಿ ಹಿಂಜರಿದವಳೆಂದು ಅಕ್ಕನ ಹೆಸರು ಕೆಡುತ್ತದೆ, ಎಲ್ಲರೂ ಅವಳಿಗಾಗಿ ಪ್ರಾರ್ಥಿಸುತ್ತಾರೆ. ಬೈದರೆ ಸಹಿಸಿಯಾಳು ಅಕ್ಕ, ಆ ಪ್ರಾರ್ಥನೆಯನ್ನು ಹೇಗೆ ಸಹಿಸಿಯಾಳು?

ಆಸ್ಪತ್ರೆಯ ಕೌಂಟರಿನಲ್ಲಿ ನರ್ಸು ಒಪ್ಪಿಗೆಯ ಕಾಗದ ಮುಂದಿಟ್ಟು ಅಕ್ಕನ ಬೆರಳನ್ನು ಸಹಿಯ ಜಾಗಕ್ಕೆ ತಂದಳು. ಅಕ್ಕ ಸಹಿ ಹಾಕಿದಳು, ಅಕ್ಷರಗಳು ಒಂದರ ಮೇಲೊಂದು ಹತ್ತಿದವು. ನರ್ಸು ಅವನ ಕಡೆ ಗದ್ದ ತೋರಿಸಿ, “ಇವರು ನಿಮಗೆ ಏನಾಗ್ಬೇಕು?” ಎಂದಳು.

“ಸಾಕಿದ್ದೆ,” ಎಂದಳು ಅಕ್ಕ.

ನರ್ಸು ನಕ್ಕು, ಮಗ ಎಂದು ಬರೆದುಕೊಂಡಳು. ಅವನು ತಿದ್ದಲಿಲ್ಲ. ಅವಳನ್ನು ಒಳಗೆ ಕರೆದುಕೊಂಡು ಹೋದರು, ತೂಗುಬಾಗಿಲು ಎರಡು ಸಲ ಆಡಿ ನಿಂತಿತು. ಉದ್ದ ಪಡಸಾಲೆಯ ಬೆಂಚಿನಲ್ಲಿ ಒಂದು ಕಣ್ಣಿಗೆ ಬಟ್ಟೆ ಕಟ್ಟಿಕೊಂಡವರು ಸಾಲಾಗಿ ಕೂತಿದ್ದರು. ಅವನು ಕೊನೆಯಲ್ಲಿ ಕೂತು ತನ್ನ ಕೈಗಳನ್ನು ನೋಡಿಕೊಂಡ. ಉಗುರಿನ ಸಂದಿಯಲ್ಲಿ ಒಣಗಿದ ಅಂಟು, ಮೂವತ್ತಾರು ವರ್ಷ ಉಜ್ಜಿದರೂ ಹೋಗದ್ದು. ಸ್ವಲ್ಪ ಹೊತ್ತಿಗೆ ಬ್ಯಾಂಡೇಜಿನ ತಟ್ಟೆ ಹಿಡಿದು ಅದೇ ನರ್ಸು ಹೊರಗೆ ಬಂದಳು.

“ಹನಿ ಹಾಕಿ ಮಲಗಿಸಿದೀವಿ. ಗಟ್ಟಿ ಹೆಂಗಸು ನಿಮ್ಮಮ್ಮ. ಎಲ್ಲರನ್ನೂ ಕೇಳೋ ಹಾಗೆ ಇವರನ್ನೂ ಕೇಳಿದೆ, ಪ್ರಾರ್ಥನೆ ಗೀರ್ಥನೆ ಮಾಡ್ಕೊಳ್ಳೋದಿದ್ರೆ ಮಾಡ್ಕೊಳ್ಳಿ, ಐದು ನಿಮಿಷ ಇದೆ ಅಂತ. ನನಗೆ ಆ ಅಭ್ಯಾಸ ಇಲ್ಲ ಅಂದ್ರು.”

ಅವಳು ಹೋದ ಮೇಲೆ ಅವನು ಆ ಮಾತನ್ನು ಮತ್ತೆ ಮತ್ತೆ ಕೇಳಿಸಿಕೊಂಡ. ಅಕ್ಕ ಸುಳ್ಳು ಹೇಳುವವಳಲ್ಲ. ಐವತ್ತು ವರ್ಷ, ಬೆಳಿಗ್ಗೆ ಸಂಜೆ, ಊಟಕ್ಕೆ ಮೊದಲು, ಹೊಸ ನೂಲುಂಡೆ ಬಿಚ್ಚುವ ಮೊದಲು, ಅವನಿಗೆ ಜ್ವರ ಬಂದ ಪ್ರತಿ ರಾತ್ರಿ ಮೊಣಕಾಲೂರಿದವಳು ಈಗ ಆ ಬಾಗಿಲ ಹಿಂದೆ, ಹಸಿರು ಬಟ್ಟೆಯ ಕೆಳಗೆ, ಒಂಟಿಯಾಗಿ, ಯಾವ ಮಾತಿನ ಆಸರೆಯೂ ಇಲ್ಲದೆ ಮಲಗಿದ್ದಳು. ಕಣ್ಣು ಉಳಿಯಬಹುದು. ಉಳಿದರೆ ಡಾಕ್ಟರು ಉಳಿಸಿದರು ಎನ್ನುತ್ತಾಳೆ, ಅಷ್ಟೇ. ಡಿಸೆಂಬರಿನಲ್ಲಿ ತನಗೆ ಏನೂ ಗೊತ್ತಿರಲಿಲ್ಲ ಎಂಬ ಸಂಗತಿ ಈಗ ಲೋಕದಲ್ಲಿ ಅವನೊಬ್ಬನಿಗೆ ಮಾತ್ರ ಗೊತ್ತು. ಓಡಿಹೋಗಿ ಬಾಗಿಲು ನೂಕಿ ಅದನ್ನು ಹೇಳಿಬಿಡಬಹುದು. ಹೇಳಿದರೆ ಅವಳು ಎದ್ದು ಮನೆಗೆ ನಡೆಯುತ್ತಾಳೆ. ಆಪರೇಶನ್ ಆದ ಮೇಲೆ ಹೇಳಿದರೆ ಅವಳು ನಂಬುವುದಿಲ್ಲ, ಒಂದು ಸುಳ್ಳಿನ ಮೇಲೆ ಇನ್ನೊಂದು ಎನ್ನುತ್ತಾಳೆ. ಹಾಳೆಯ ಮೇಲೆ ಆಡುತ್ತಿದ್ದ ಬೆರಳು ಆ ಒಂದು ವಚನದ ಮೇಲೆ ತಾನಾಗಿ ನಿಂತದ್ದು ಅವನಿಗೆ ಮತ್ತೆ ಕಂಡಿತು, ಈ ಸಲ ಅವನಿಗೆ ಮುಖ ತಿರುಗಿಸಿಕೊಳ್ಳಲಾಗಲಿಲ್ಲ. ಹೆದರಿಕೆಯಾಯಿತು. ಸುತ್ತ ಕೂತವರು ನೋಡುತ್ತಿದ್ದರೂ ಲೆಕ್ಕಿಸದೆ ಅವನು ಬೆಂಚಿನಿಂದ ಇಳಿದು, ಪಡಸಾಲೆಯ ತಣ್ಣನೆಯ ನೆಲದ ಮೇಲೆ, ಅಭ್ಯಾಸವಿಲ್ಲದ ಮೊಣಕಾಲುಗಳನ್ನು ಊರಿದ. ಅಕ್ಕ ಬಿಟ್ಟುಹೋದದ್ದನ್ನು ನಂಬಲು ಆ ಮನೆಯಲ್ಲಿ ಇನ್ನು ಅವನೊಬ್ಬನೇ ಉಳಿದಿದ್ದ.